ಬೂದೆಮ್ಮನ ಸಾಲು

ಪೋತ್ನಾಳದ ಶಂಭುಲಿಂಗಪ್ಪನ ಮಿಲ್ಲಿನಾಗ ಕುದಿಸಿದ ಭತ್ತ ಒಣಗಿಸೋರು ನಾವು. ಕಾಂಕ್ರೀಟ್ ಕಣದ ಮ್ಯಾಲ ಭತ್ತ ಹರವಿ, ಕಾಲು ಎಳಕೋಂತ ಸಾಲು ಹೊಡೀಬೇಕು. ಸರ್... ಸರ್... ಅಂತ ಸಪ್ಪಳ ಬರ್ತದ. ಮೇ ತಿಂಗಳ ಮಧ್ಯಾನ ಆ ಕಣದಾಗ ನಾಯಿನೂ ಕಾಲಿಡಂಗಿಲ್ಲ.

ಮೊದಲ ಹಿಂಗಿದ್ದಿಲ್ಲ ನೋಡ್ರಿ. ನಸುಕಿನ್ಯಾಗ ಹರವತಿದ್ದಿವಿ. ಬಿಸಿಲೇರಿದ್ರ ಭತ್ತ ಗುಂಪಿ ಹಾಕಿ, ಬೇವಿನ ಗಿಡದ ಬುಡಕ ಬುತ್ತಿ ಬಿಚ್ಚತಿದ್ದಿವಿ. ಈಗ ಸಾವುಕಾರ ಕರೆಂಟನ್ನ ಬಜಾರದಾಗ ಕೊಳ್ತಾನ. ತಾಸಿಗೊಂದು ರೇಟು. ಫೋನ್ ನೋಡಿ ಹೇಳ್ತಾನ: "ಸೋಲಾರ್ ಕರೆಂಟು ಬೇ, ಮಧ್ಯಾನನ ಸೋವಿ. ಬಿಸಿಲು ಏರಿದಂಗ ರೇಟು ಇಳೀತದ."

ಇಳಿದ ಕೂಡ್ಲೆ ಮಿಲ್ಲಿನ ಸೈರನ್ನು, ಬೋಂಗಾ ಹೊಡೀತಾನ. ಮಷೀನು ತಿರಗತಾವ, ಹೊಗಿಯಾಡೋ ಭತ್ತ ಕಣಕ್ಕ ಬಂದು ಬೀಳ್ತದ. ಸೋವಿ ಅವಗ, ಸುಡೋದು ನಮ್ಮ ಕಾಲು.

ಹೋದ ವಾರ ನಮ್ಮ ಜೋಡಿ ದುಡಿಯೋ ಬೂದೆಮ್ಮ ತನ್ನ ಸಾಲಿನ ನಡುವ ಬಿದ್ಲು. "ಹಣಮಿ, ನೀರು" ಅಂದ್ಲು ನನಗ. ತರೋದ್ರಾಗ ಹೋಗಿಬಿಟ್ಟಿದ್ಲು. ಎತ್ತಿದ್ರ ಬೆನ್ನಿನ ತೊಗಲು ಕಣಕ್ಕ ಅಂಟಿತ್ತು, ಯವ್ವಾ! "ಆಕಿಗೆ ಬಿ.ಪಿ. ಇತ್ತು" ಅಂದ ಸಾವುಕಾರ. ಅವತ್ತೂ ಮಿಲ್ಲು ನಿಲ್ಲಿಸಲಿಲ್ಲ.

ಆಗಿಂದ ಆಕಿ ಸಾಲು ಯಾರೂ ತುಳಿಯಂಗಿಲ್ಲ. ಅಲ್ಲಿ ಭತ್ತ ಹಂಗ ಮುಗ್ಗತದ. ಬೋಂಗಾ ಆದ್ರ ಸಾಕು, ಆ ಸಾಲಿನ್ಯಾಗ ನನಗ ಕಾಲು ಎಳಿಯೋ ಸಪ್ಪಳ ಕೇಳ್ತದ. ಎಡಗಾಲು ಜಗ್ಗಿ ಎಳಿಯಾಕಿ ಆಕಿ. ಸುಳ್ಳಂದ್ರ ಸುಳ್ಳನ್ರಿ, ನನಗ ಕೇಳ್ತದ.

ನಿನ್ನೆ ಸಾವುಕಾರ ಬೂದೆಮ್ಮನ ಮಗಳು ಲಲಿತಾನ ಕರೆಸಿದ. ಹುಡುಗಿ ತುಂಬಿದ ಬಸುರಿ.

"ನಿಮ್ಮವ್ವನ ಜಾಗ ಖಾಲಿ ಅದ. ನಡಿ ನಡಿ, ರೇಟು ಮತ್ತ ಏರ್ತದ."

ಲಲಿತಾ ಸೀರಿ ಎತ್ತಿ ಕಟ್ಟಿ ಅವ್ವನ ಸಾಲಿಗೆ ಕಾಲಿಟ್ಲು. ನಾನು ಓಡಿಹೋಗಿ ರಟ್ಟಿ ಹಿಡಿದು ಹೊರಗ ಜಗ್ಗಿದೆ.

"ಏನಿದು ಹಣಮಮ್ಮ? ತಲಿ ಕೆಟ್ಟದೇನು?" ಅಂದ ಸಾವುಕಾರ.

"ಹೌದ್ರಿ, ಕೆಟ್ಟದ! ಒಬ್ಬಾಕಿನ ನುಂಗೀರಿ, ಸಾಲಲಿಲ್ಲೇನು? ರೇಟು ಬಿದ್ರ ಬೀಳ್ಲಿ. ಇನ್ನ ನಾವು ಬೀಳಂಗಿಲ್ಲ."

ಬಾಜೂ ಸಾಲಿನ ಬಸವಂತಮ್ಮ ಕೈಯಾಗಿನ ಭತ್ತ ಎಳಿಯೋ ಹಲಗಿ ಒಗದು ಬಂದ್ಲು. ಆಕಿ ಹಿಂದ ಉಳಿದ ಹೆಣ್ಣಮಕ್ಕಳೆಲ್ಲಾ ಬಂದ್ರು. ಬೇವಿನ ಬುಡಕ ಕುಂತಿವಿ.

"ಬಿಸಿಲು ಇಳೀಲಿ, ಬರ್ತೀವ್ರಿ" ಅಂತ ಬಸವಂತಮ್ಮ ಅಲ್ಲಿಂದನ ಕೂಗಿದ್ಲು.

"ಭತ್ತ ಹುಳಿ ಆಗ್ತದಬೇ! ಏಳ್ರಿ!" ಸಾವುಕಾರ ಒದರಿದ. ಯಾರೂ ಏಳಲಿಲ್ಲ.

ಒದರಿ ಒದರಿ ಒಮ್ಮೆಲೆ ಸುಮ್ಮನಾದ. ಕಣದಾಗ ಒಂದು ನರಪಿಳ್ಳಿ ಇದ್ದಿಲ್ಲ. ಬೂದೆಮ್ಮನ ಸಾಲಿನ ಕಡಿ ನೋಡಿಕೋಂತ ಮೆಲ್ಲಕ ಕೇಳಿದ:

"ಯಾರದು... ಅಲ್ಲಿ ಕಾಲು ಎಳಿಯಾಕತ್ತೋರು?"