ಉಪವಾಸ ಕೆಡವಿದ ಕೋಶಗಳು

ಅಕ್ಕನ ಕ್ಯಾನ್ಸರ್ ಗೆಡ್ಡೆಯ ಚೂರೊಂದನ್ನು ತಂಗಿ ತಾನು ಕೆಲಸ ಮಾಡುವ ಪ್ರಯೋಗಾಲಯದಲ್ಲೇ ಬೆಳೆಸಿದ್ದಳು. ಡಾಕ್ಟರು ಎರಡು ದಾರಿ ಹೇಳಿದ್ದರು: ಕೂದಲು, ಹಸಿವು, ನಿದ್ದೆ ಎಲ್ಲ ಕಿತ್ತುಕೊಳ್ಳುವ ಹಳೆಯ ಚುಚ್ಚುಮದ್ದು, ಇಲ್ಲವೇ ಹೊಸ ಮಾತ್ರೆ. ಅಕ್ಕ ಡ್ರಿಲ್ ಟೀಚರ್. ಇಡೀ ಮೈದಾನವನ್ನು ಒಂದೇ ಕೂಗಿಗೆ ಸಾಲಾಗಿ ನಿಲ್ಲಿಸುವ ಗಟ್ಟಿಗಿತ್ತಿ ಇದೊಂದು ವಿಷಯದಲ್ಲಿ ತಂಗಿಯ ಮುಖ ನೋಡಿದಳು.

"ನೀನು ಹೇಳಿದ ಹಾಗೆ ಪುಟ್ಟಿ. ಓದಿದೋಳು ನೀನು."

ಬೆಳೆಯಲು ಹೇಳುವ ಜೀನ್ ಎಚ್ಚರವಾಗಿದ್ದರೆ ಕೋಶ ಹಸಿರಾಗಿ ಹೊಳೆಯುವಂತೆ ತಂಗಿ ಏರ್ಪಾಟು ಮಾಡಿದ್ದಳು. ಮಾತ್ರೆಯ ಔಷಧಿ ಬಿದ್ದ ಮೇಲೆ ತಟ್ಟೆಯಲ್ಲಿ ಹಸಿರೇ ಉಳಿಯಲಿಲ್ಲ. ಅವಳು ಕುಣಿಯುವುದೊಂದು ಬಾಕಿ. "ಕಣ್ಣು ಮುಚ್ಕೊಂಡು ಮಾತ್ರೆ ತಗೋ" ಎಂದುಬಿಟ್ಟಳು.

ಗೆಡ್ಡೆ ಕುಗ್ಗಿತು ಕೂಡ. ಅಕ್ಕ ಮತ್ತೆ ಸೀಟಿ ಊದಿದಳು. ಆಮೇಲೆ ಬೆನ್ನು ನೋವು ಬಂತು, ಕಣ್ಣು ಹಳದಿಯಾಯಿತು; ಗೆಡ್ಡೆ ಮತ್ತೆ ಬೆಳೆದು ಲಿವರಿಗೂ ಹಬ್ಬಿತ್ತು.

ಈ ಕಸುಬಿನವರಿಗೊಂದು ರೂಢಿ. ಪರೀಕ್ಷೆಗೆ ಮುಂಚೆ ಕೋಶಗಳ ಆಹಾರದಿಂದ ಸೀರಂ, ಅಂದರೆ ರಕ್ತದ ತಿಳಿಯನ್ನು, ತೆಗೆದುಬಿಡುತ್ತಾರೆ. ಅದು ಹೊರಗಿನಿಂದ ತರುವ 'ಬೆಳೆ' ಎಂಬ ಸಂದೇಶವಿಲ್ಲದೆ ಕೋಶಗಳು ತೆಪ್ಪಗಾಗುತ್ತವೆ, ಫಲಿತಾಂಶ ಚೊಕ್ಕಟವಾಗಿ ಬರುತ್ತದೆ. ಇದನ್ನು ಉಪವಾಸ ಕೆಡವುವುದು ಎನ್ನುತ್ತಾರೆ. ಎಲ್ಲರೂ ಮಾಡುತ್ತಾರೆ, ತಂಗಿಯೂ ಮಾಡಿದ್ದಳು, ಯಾರೂ ತಲೆ ಕೆಡಿಸಿಕೊಳ್ಳುವುದಿಲ್ಲ. ಅಕ್ಕ ಆಸ್ಪತ್ರೆ ಸೇರಿದ ವಾರ ತಂಗಿ ಪರೀಕ್ಷೆಯನ್ನು ಮತ್ತೆ ಮಾಡಿದಳು. ಗಾಬರಿಯಲ್ಲಿ ಒಂದು ತಟ್ಟೆಯ ಸೀರಂ ತೆಗೆಯಲು ಮರೆತಳು. ಆ ತಟ್ಟೆ, ಔಷಧಿ ಬಿದ್ದೂ, ಹಸಿರಾಗಿ ಉರಿಯುತ್ತಿತ್ತು.

ನೋಡುತ್ತಿದ್ದಂತೆ ಅವಳಿಗೆ ಎಲ್ಲ ಅರ್ಥವಾಯಿತು. ಕೋಶದ ಹೊರಪೊರೆಯಿಂದ ಜೀನಿನವರೆಗೆ ಸಂದೇಶ ಕೈಯಿಂದ ಕೈಗೆ ದಾಟುತ್ತದೆ. ಅಕ್ಕನ ಕೋಶಗಳಲ್ಲಿ ಅಂಥ ಸಾಲು ಎರಡಿದ್ದವು. ಮೊದಲನೆಯದು ತಾನು ದುಡಿಯುತ್ತಲೇ ಎರಡನೆಯದನ್ನು ಅದುಮಿ ಹಿಡಿದಿತ್ತು. ಔಷಧಿ ಮೊದಲನೆಯದನ್ನು ಕಟ್ಟಿಹಾಕಿದ್ದೇ ತಡ, ಎರಡನೆಯದಕ್ಕೆ ಹೇಳುವವರು ಕೇಳುವವರು ಇಲ್ಲವಾಯಿತು. ಸೀರಂ ತಂದ ಸಂದೇಶವನ್ನು ಹೊತ್ತೊಯ್ದು ಅದೇ ಜೀನನ್ನು ಅದು ಎಬ್ಬಿಸಿತು. ಉಪವಾಸದ ತಟ್ಟೆಯಲ್ಲಿ ಹೊರಲು ಸಂದೇಶವೇ ಇರಲಿಲ್ಲ. ಮನುಷ್ಯರ ಮೈಯಲ್ಲಿ ರಕ್ತ ಹರಿಯುತ್ತದೆ ಎಂಬುದು ಇಷ್ಟು ಓದಿದ ಮಹಾತಾಯಿಗೆ ಹೊಳೆದಿರಲಿಲ್ಲ!

ಅವಳು ಡಾಕ್ಟರ ಬಳಿಗೆ ಓಡಿದಳು. "ಈಗಲೇ ಚುಚ್ಚುಮದ್ದು ಶುರು ಮಾಡಿ."

"ಆಗಲೇ ಕೊಟ್ಟಿದ್ರೆ ತಡ್ಕೊಳ್ತಿದ್ರು" ಎಂದರು ಡಾಕ್ಟರು. "ಈಗ ಲಿವರ್ ಸೋತಿದೆ. ಇನ್ನು ಯಾವ ಔಷಧಿ ಕೊಟ್ರೂ ಅದೇ ಜೀವ ತೆಗೆಯುತ್ತೆ."

ತಂಗಿ ವಾರ್ಡಿಗೆ ಹೋಗಿ ಮಂಚದ ಪಕ್ಕ ಕುಳಿತು ಎಲ್ಲವನ್ನೂ ಹೇಳಿದಳು. ಅಕ್ಕ ಒಂದೇ ಮಾತು ಕೇಳಿದಳು.

"ಅವತ್ತು ಚುಚ್ಚುಮದ್ದು ತಗೊಂಡಿದ್ರೆ ಬದುಕ್ತಿದ್ನಾ?"

"ಬದುಕ್ತಿದ್ಯೇನೋ ಅಕ್ಕ."

ಅಕ್ಕ ಗೋಡೆ ಕಡೆ ಹೊರಳಿದಳು. ಬೈದಿದ್ದರೆ, ಕೆನ್ನೆಗೊಂದು ಬಾರಿಸಿದ್ದರೆ ಎಷ್ಟೋ ವಾಸಿಯಿತ್ತು. ಹೊರಗೆ ಬಿಸಿನೀರು ಎಲ್ಲಿ ಸಿಗುತ್ತದೆಂದು ನರ್ಸನ್ನು ಕೇಳುತ್ತಿದ್ದ ಅಮ್ಮನ ದನಿ ಬಂತು. ಅಕ್ಕ ತಟ್ಟನೆ ಇತ್ತ ತಿರುಗಿ ತಂಗಿಯ ಮಣಿಕಟ್ಟು ಹಿಡಿದಳು.

"ಕಣ್ಣು ಒರೆಸ್ಕೋ. ಅಮ್ಮನ ಹತ್ರ ಇದನ್ನ ಬಾಯಿ ಬಿಡಬೇಡ."

"ನನ್ನ ಕ್ಷಮಿಸಿದ್ಯಾ ಅಕ್ಕ?"

"ಇಲ್ಲ" ಎಂದಳು ಅಕ್ಕ. "ಆದ್ರೆ ಇನ್ಮೇಲೆ ಅವಳಿಗೆ ನೀನೊಬ್ಬಳೇ ಅಲ್ವಾ."