ಮನೆಗೆ ಹೋಗಿ ಹೇಳಿದ ಕೇಸು

ಗಂಗೊಳ್ಳಿಯ ಚೇತನಾಗೆ ತಾನು ಗೆಲ್ಲುತ್ತೇನೆಂಬುದರಲ್ಲಿ ಎಳ್ಳಷ್ಟೂ ಸಂಶಯವಿರಲಿಲ್ಲ. ಗಂಗೊಳ್ಳಿಯಲ್ಲಿ ಕಡಲು ಸೇರದ ನದಿ ಯಾವುದು ಎಂದು ಪರೀಕ್ಷೆಯಲ್ಲಿ ಕೇಳಿದ್ದರು. ಹಿಂಬಾಗಿಲು ತೆರೆದರೆ ಅಳಿವೆ ಕಾಣುವ ಮನೆಯ ಹುಡುಗಿಗೆ ಇಂಥ ಪ್ರಶ್ನೆ! ಸೀತಾ ನದಿ ಎಂದು ಗುರುತು ಹಾಕಿ ಬಂದಳು. ಪರೀಕ್ಷೆ ನಡೆಸಿದವರು ಪ್ರಕಟಿಸಿದ ಸರಿಯುತ್ತರದಲ್ಲಿ ಮಾತ್ರ ವಾರಾಹಿ ಎಂದಿತ್ತು. ಆಕ್ಷೇಪಣೆ ಕಳಿಸಿದಳು, ಗೋಡೆಗೆ ಹೇಳಿದ ಹಾಗಾಯಿತು. ಒಂದೇ ಅಂಕಕ್ಕೆ ತಹಶೀಲ್ದಾರ್ ಹುದ್ದೆ ಕೈತಪ್ಪಿತು. ಅವಳು ಅಳುತ್ತಾ ಕೂರಲಿಲ್ಲ. ಕುಂದಾಪುರದ ವಕೀಲ ಸುಧಾಕರ ಶೆಟ್ಟರನ್ನು ಹಿಡಿದು, ಬೆಂಗಳೂರಿನ ಆಡಳಿತ ನ್ಯಾಯಮಂಡಳಿಯಲ್ಲಿ ಅರ್ಜಿ ಹಾಕಿಯೇ ಬಿಟ್ಟಳು.

ಒಂದು ತೊಡಕಿತ್ತು.

"ನಿಂಗೆ ಅಂಕ ಸಿಕ್ಕಿರೆ ಪಟ್ಟಿಯಿಂದ ಒಬ್ರ್ ಬೀಳ್ತ್ರ್. ಅವ್ರನ್ನೂ ಪ್ರತಿವಾದಿ ಮಾಡ್ಕ್. ಅವ್ರ ಮಾತ್ ಕೇಣ್ದೇ ತೀರ್ಪ್ ಕೊಡುದಿಲ್ಲ," ಎಂದರು ಶೆಟ್ಟರು.

ಪಟ್ಟಿಯ ಕೊನೆಯ ಹೆಸರು ಸೌಮ್ಯಶ್ರೀ. ಊರು ಬೈಂದೂರು ಹತ್ತಿರದ ಯಡ್ತರೆ. ಕುಂದಾಪುರದ ಲೈಬ್ರರಿಯಲ್ಲಿ ಚೇತನಾಳ ಜೊತೆ ಒಂದೇ ಮೇಜಿನಲ್ಲಿ ಓದಿದವಳು, ಬುತ್ತಿ ಹಂಚಿಕೊಂಡು ಉಂಡವಳು.

"ನೋಟೀಸ್ ಪೋಸ್ಟಲ್ಲಿ ಕಳ್ಸುವ. ಬೇಕಾರೆ ಕೈಯಲ್ಲೇ ಕೊಡೂಕೂ ಮಂಡಳಿ ಒಪ್ಪಿಗೆ ಇತ್ತ್," ಎಂದರು ಶೆಟ್ಟರು.

"ನಾನೇ ಕೊಡ್ತೆ."

"ತಲಿ ಸರಿ ಇತ್ತಾ ನಿಂಗೆ?"

ತಲೆ ಸರಿಯಾಗಿಯೇ ಇತ್ತು. ನಮ್ಮ ಕಡೆ ಮದುವೆಯಾಗಲಿ ಗೃಹಪ್ರವೇಶವಾಗಲಿ, ಮನೆಬಾಗಿಲಿಗೆ ಹೋಗಿ ಬಾಯಿಬಿಟ್ಟು ಕರೆಯದಿದ್ದರೆ ಕರೆದ ಲೆಕ್ಕವಲ್ಲ. ಬರೀ ಕಾಗದ ಕಳಿಸಿದವರ ಊಟಕ್ಕೆ ಜನ ಹೋಗುವುದಿಲ್ಲ, ಹೋದರೂ ವರ್ಷಗಟ್ಟಲೆ ಆಡಿಕೊಳ್ಳುತ್ತಾರೆ. ಮದುವೆಗಿರುವ ಮರ್ಯಾದೆ ವ್ಯಾಜ್ಯಕ್ಕೆ ಯಾಕಿರಬಾರದು ಎಂಬುದು ಚೇತನಾಳ ವಾದ.

ಯಡ್ತರೆಯ ಅಂಗಳದಲ್ಲಿ ಸೌಮ್ಯಶ್ರೀಯ ಅಮ್ಮ ನಾಗು ನೆಲಗಡಲೆ ಒಣಹಾಕುತ್ತಿದ್ದರು. ಚೇತನಾಳ ಕೈಯಲ್ಲಿ ಲಕೋಟೆ ಕಂಡದ್ದೇ ಅವರ ಮುಖ ಅರಳಿತು.

"ಹ್ವಾಯ್, ಚೇತನಾ! ಮದಿ ಕರೂಕ್ ಬಂದದ್ದಾ? ಗಂಡ್ ಎಲ್ಲಿಯವ? ಕೂಕೋ, ಆಸ್ರಿಗೆ ತತ್ತೆ."

ಉತ್ತರಕ್ಕೂ ಕಾಯದೆ ಬೆಲ್ಲ, ನೀರು ತಂದಿಟ್ಟರು. ಬಾಯಲ್ಲಿ ಬೆಲ್ಲ ಇಟ್ಟುಕೊಂಡು ಕೇಸಿನ ಮಾತು ಎತ್ತುವುದು ಹೇಗೆ? ಚೇತನಾಗೆ ನಾಚಿಕೆಯಾಯಿತು. ಆದರೂ ಹೇಳಿದಳು.

"ಮದಿ ಅಲ್ಲ ಅಮ್ಮ. ಕೇಸ್. ನಾನ್ ಗೆದ್ರೆ ಸೌಮ್ಯನ ಕೆಲ್ಸ ಹೋತ್. ಬೇರೆಯವ್ರ ಬಾಯಲ್ಲಿ ಕೇಂಬುದ್ ಬ್ಯಾಡ ಅಂದೇಳಿ ನಾನೇ ಬಂದೆ."

ಒಳಗಿನಿಂದ ಬಂದ ಸೌಮ್ಯಶ್ರೀ ನೋಟೀಸನ್ನು ಓದಿ ಸಹಿ ಹಾಕಿದಳು. ಮುಖ ಕೆಂಪಾಗಿತ್ತು.

"ಸೀತಾ ಅಂದೇಳಿ ನಂಗೂ ಗೊತ್ತಿತ್ತ್ ಮಾರಾಯ್ತಿ. ಗೈಡಲ್ಲಿ ವಾರಾಹಿ ಅಂದ್ ಇತ್ತ್. ಪ್ರಶ್ನೆ ತೆಗ್ದವ್ರೂ ಅದನ್ನೇ ಓದಿರ್ತ್ರ್ ಅಂದೇಳಿ ಹಾಕ್ದೆ. ಹಾಂಗಂದೇಳಿ ಬಿಟ್ ಕೊಡ್ತೆ ಅಂದ್ ಎಣ್ಸ್ಬೇಡ. ನಾನೂ ವಕೀಲ್ರನ್ನ ಇಡ್ತೆ."

"ಇಡ್. ನೀನ್ ಸುಮ್ನೆ ಕೂತ್ರೆ ನಾನ್ ಗೆದ್ದದ್ದಕ್ಕೆ ಎಂತ ಬೆಲೆ?"

ನಾಗು ನಡುವೆ ಬಾಯಿಹಾಕಿದರು. "ಗೆದ್ರೂ ಹೀಂಗೇ ಬಂದ್ ಹೇಳ್. ಫೋನಲ್ಲಿ ಹೇಳ್ಬೇಡ."

ಮಳೆಗಾಲ ಕಳೆದ ಮೇಲೆ ತೀರ್ಪು ಬಂತು. ಸೌಮ್ಯಶ್ರೀಯ ವಕೀಲರು ಜೋರಾಗಿಯೇ ವಾದಿಸಿದ್ದರು. ಆದರೆ ನದಿ ವಕೀಲರ ಮಾತು ಕೇಳಿ ಹರಿಯುತ್ತದೆಯೇ? ನ್ಯಾಯಮಂಡಳಿ ಕೇಳಿದ ತಜ್ಞರು ಸೀತಾ ಎಂದೇ ವರದಿ ಕೊಟ್ಟರು, ಪಟ್ಟಿ ತಿದ್ದಲು ಆದೇಶವಾಯಿತು. ಗಂಗೊಳ್ಳಿಯಲ್ಲಿ ಚೇತನಾಳ ಅಪ್ಪ ಪಟಾಕಿ ತರಲು ಹೊರಟರು.

"ನಿಲ್ಲಿ ಅಪ್ಪಯ್ಯ, ಒಂದ್ ಮನಿಗೆ ಹೇಳುದ್ ಬಾಕಿ ಇತ್ತ್," ಎಂದು ಅವಳು ಬೈಂದೂರು ಬಸ್ಸು ಹತ್ತಿದಳು. ಬಸ್ಸಿನಲ್ಲಿ ಹಿಗ್ಗಿಕೊಂಡೇ ಕೂತಿದ್ದವಳು ಯಡ್ತರೆಯ ಗೇಟಿನ ಬಳಿ ನಗು ನುಂಗಿಕೊಂಡು ಒಳಗೆ ನಡೆದಳು.

ನಾಗು ಅವಳ ಮುಖ ನೋಡಿದರು. ಒಳಗೆ ಹೋಗಿ ಬೆಲ್ಲ, ನೀರು ತಂದರು.

"ಮೊದ್ಲ್ ಆಸ್ರಿ ಕುಡಿ. ಮತ್ತ್ ಹೇಳ್."

ಚೇತನಾಳ ಕಣ್ಣು ತುಂಬಿತು. ಕುಡಿದಳು; ಹೇಳಿದಳು. ಜಗಲಿಯಲ್ಲಿ ಸೌಮ್ಯಶ್ರೀ ಮುಂದಿನ ಪರೀಕ್ಷೆಗೆ ಆಗಲೇ ಪುಸ್ತಕ ಹರಡಿಕೊಂಡು ಕೂತಿದ್ದಳು. ಪುಸ್ತಕ ಮುಚ್ಚಿ ಗೆಳತಿಯನ್ನು ನೇರ ನೋಡಿದಳು.

"ಹೋಯಿ ಕೆಲ್ಸಕ್ಕೆ ಸೇರ್ಕೋ ಹೆಣೆ. ಮುಂದಿನ್ ಸಲ ನಾನ್ ನಂಗೆ ಗೊತ್ತಿದ್ದದ್ದನ್ನೇ ಬರೀತೆ."