ಜಾರಿದ ತಂತಿ

ಪಿಯಾನೋಗಳಿಗೆ ಶ್ರುತಿ ಕೂರಿಸುವ ಆತನಿಗೆ ಹೆಂಡತಿಯ ಮೇಲೆ ಇದ್ದದ್ದು ಒಂದೇ ಅನುಮಾನ, ಅದೂ ಮೂವತ್ತು ವರ್ಷ ಹಳೆಯದು. ಜಗತ್ತೇ ಕೊಂಡಾಡುವ ಆ ಜಾಝ್ ರೆಕಾರ್ಡ್ ಇದೆಯಲ್ಲ, ಎದುರಿಗೆ ಕಾಗದದ ಚೂರೂ ಇಲ್ಲದೆ, ಕೂತಲ್ಲೇ ಹುಟ್ಟಿಸಿಕೊಂಡು ನುಡಿಸಿದ್ದು ಅಂತ ಹೊದಿಕೆಯ ಮೇಲೆ ಅಚ್ಚಾಗಿರುವುದು, ಅದನ್ನು ನುಡಿಸಿದ ಸಂಜೆ ಅವಳು ಮೂರನೇ ಸಾಲಿನಲ್ಲಿ ಕೂತಿದ್ದಳು. ಇವನು ಪಿಯಾನೋ ಸಿದ್ಧಮಾಡಿಕೊಟ್ಟು ಬೇರೆ ಕೆಲಸಕ್ಕೆ ಓಡಿದ್ದ.

ಓಡುವ ಮುಂಚೆ ಮೇಲಿನ ಒಂದು ಸ್ವರಕ್ಕೆ ಹೊಸ ತಂತಿ ಹಾಕಿದ್ದ. ಹೊಸ ತಂತಿ ಜಾರದೆ ಇರುವುದಿಲ್ಲ. ರೆಕಾರ್ಡಿನ ಹತ್ತನೇ ನಿಮಿಷದಲ್ಲಿ ಆ ಸ್ವರ ಇಳಿದದ್ದು ಇವನಿಗೆ ಕೇಳಿಸಿತು. ಇಪ್ಪತ್ತನೇ ನಿಮಿಷದಲ್ಲಿ ಮತ್ತೆ ಸರಿಯಾಗಿ ನಿಂತಿತ್ತು. ಜಾರಿದ ತಂತಿ ತಾನಾಗಿ ಏರುವುದುಂಟೇ? ಇನ್ನೊಂದು ದಿನ ನುಡಿಸಿದ್ದನ್ನು ತಂದು ಅಂಟಿಸಿ ಜನರ ಕಿವಿಗೆ ಹೂವಿಟ್ಟಿದ್ದಾರೆ ಅಂತ ತೀರ್ಮಾನ ಮಾಡಿಬಿಟ್ಟ.

ತಾನು ಕೂತು ಕೇಳಿದ್ದೇ ರೆಕಾರ್ಡಿನಲ್ಲೂ ಇದೆ ಎಂದು ಹೆಂಡತಿ ಅಂದಾಗ, ನಿನಗೆ ಕಿವಿ ಎಲ್ಲಿದೆ ಎಂದ. ಅವಳು ಎರಡನೇ ಸಲ ಹೇಳಲಿಲ್ಲ, ರೆಕಾರ್ಡ್ ಹಾಕುವುದನ್ನೂ ಬಿಟ್ಟಳು. ತಾನಿಲ್ಲದಾಗ ಹಾಕುತ್ತಾಳೋ ಏನೋ ಎಂದು ಅದಕ್ಕೂ ಅನುಮಾನ. ಮೆಟ್ಟಿಲ ಮೇಲೆ ಉಸಿರು ಬಿಗಿಹಿಡಿದು ನಿಂತು ಕಿವಿಗೊಟ್ಟದ್ದೂ ಉಂಟು. ಇಂಥವನ ಜೊತೆ ಮೂವತ್ತು ವರ್ಷ ಸಂಸಾರ ಮಾಡಿದಳಲ್ಲ, ಅದು ದೊಡ್ಡದು.

ಆವತ್ತು ರೆಕಾರ್ಡ್ ಮಾಡಿದ್ದ ಧ್ವನಿಮುದ್ರಕ ಹಳೆಯ ಟೇಪನ್ನು ಮತ್ತೆ ಹೊರತರುತ್ತಿದ್ದಾನೆಂದು ಮೊನ್ನೆ ತಿಳಿಯಿತು. ಕಳ್ಳನನ್ನು ಮಾಲು ಸಮೇತ ಹಿಡಿಯುವ ಹುರುಪಿನಲ್ಲಿ ಇವನು ಸ್ಟುಡಿಯೋಗೆ ನುಗ್ಗಿ, ಹತ್ತನೇ ನಿಮಿಷ, ಇಪ್ಪತ್ತನೇ ನಿಮಿಷದ ಲೆಕ್ಕ ಒಪ್ಪಿಸಿದ. ಧ್ವನಿಮುದ್ರಕ ಸಿಟ್ಟಾಗಲಿಲ್ಲ, ಮೂಲ ಟೇಪನ್ನೇ ಬಿಚ್ಚಿ ಇವನ ಕೈಗೆ ಕೊಟ್ಟ. ಎಷ್ಟು ತಡವಿದರೂ ಅಂಟು ಹಾಕಿದ ಜಾಗ ಬೆರಳಿಗೆ ಸಿಗಲಿಲ್ಲ. ಇದು ನಕಲಿರಬೇಕು ಎಂದ.

ಆಗ ಧ್ವನಿಮುದ್ರಕ ಮೂಲೆಯ ಪಿಯಾನೋ ಮುಂದೆ ಕೂತು, ಇವನಿಗೆ ಬೆನ್ನು ತಿರುಗಿಸಲು ಹೇಳಿ ಒಂದು ಸ್ವರ ಬಡಿದು, ಯಾವುದು ಎಂದು ಕೇಳಿದ. ಮೇಲಿನದು, ಆವತ್ತು ನಾನು ಹೊಸ ತಂತಿ ಹಾಕಿದ ಸ್ವರವೇ ಎಂದ ಇವನು, ತಡಮಾಡದೆ.

"ನಾನು ಬಡಿದಿದ್ದು ಅದರ ಜೋಡಿ, ಒಂದು ಸ್ಥಾಯಿ ಕೆಳಗಿನ ಅದೇ ಸ್ವರ. ಮೇಲಿಂದು ಜಾರಿದ್ದು ಗೊತ್ತಾದ ಮೇಲೆ ಆವತ್ತು ಪಿಯಾನೋ ನುಡಿಸಿದಾತ ಅದನ್ನ ಮುಟ್ಟಲೇ ಇಲ್ಲ, ಕೆಳಗಿನದರಲ್ಲೇ ದಾರಿ ಮಾಡ್ಕೊಂಡ. ಎಲ್ಲರಿಗೂ ಮೊದಲು ಸ್ವರ ಕೇಳುತ್ತೆ. ನಿಮಗೆ ಅದರ ಮೇಲಿನ ಗುಂಗು ಕೇಳುತ್ತೆ. ಇಪ್ಪತ್ತನೇ ನಿಮಿಷದಲ್ಲಿ ಮೇಲಿಂದು ಸರಿಯಾಯ್ತು ಅಂದ್ಕೊಂಡದ್ದು ಆ ಗುಂಗನ್ನೇ."

ಹೌದು. ಸ್ವರವನ್ನು ಬಿಟ್ಟು, ಅದರ ತಲೆಯ ಮೇಲೆ ಸಣ್ಣಗೆ ಏಳುವ ಗುಂಗನ್ನು ಹಿಡಿದೇ ಶ್ರುತಿ ಕೂರಿಸುವುದು. ಜೀವಮಾನವೆಲ್ಲ ಇವನು ಮಾಡಿದ್ದು ಅದನ್ನೇ. ಜನ ಮೂವತ್ತು ವರ್ಷದಿಂದ ಪ್ರಾಣ ಬಿಡುತ್ತಿದ್ದ ತಗ್ಗು ಸ್ವರಗಳ ಆ ಹತ್ತು ನಿಮಿಷ ಹುಟ್ಟಿದ್ದು ತನ್ನ ತಂತಿ ಜಾರಿದ್ದಕ್ಕೇ ಎಂದು ಹೊಳೆದಾಗ ಅವನಿಗೆ ಹೆಮ್ಮೆಯಾಗಲಿಲ್ಲ, ನಾಚಿಕೆಯಾಯಿತು.

ಮನೆಯಲ್ಲಿ ಹೆಂಡತಿ ಬಟ್ಟೆ ಮಡಚುತ್ತಿದ್ದಳು. ಟೇಪು, ಬೆರಳು, ಗುಂಗು ಎಲ್ಲ ಒಂದೇ ಉಸಿರಿಗೆ ಹೇಳಿ, "ನೀನು ಹೇಳಿದ್ದೇ ಸರಿ," ಎಂದ.

ಅವಳು ದಿಂಬಿನ ಚೀಲ ಮಡಚಿ ರಾಶಿಯ ಮೇಲಿಟ್ಟಳು. "ಟೇಪನ್ನ ನಂಬಿದ್ರಿ," ಎಂದಳು. "ನನ್ನನ್ನ ಇವತ್ತೂ ನಂಬಲಿಲ್ಲ."